ಹೊಲದ ಅತಿಥಿಯ ಧರ್ಮ

ಅನ್ನವನ್ನು ಉಣ್ಣದ ಮನುಷ್ಯನು ಲೋಕದಲ್ಲಿಲ್ಲ. ಆದರೆ ಅನ್ನವು ಬೆಳೆಯುವ ನೆಲವನ್ನು ಕಣ್ಣಾರೆ ಕಂಡು ಉಣ್ಣುವವರ ಸಂಖ್ಯೆಯು ದಿನೇ ದಿನೇ ಕಡಿಮೆಯಾಗುತ್ತಿರುವುದು. ಪಟ್ಟಣದ ಗೃಹಸ್ಥನಿಗೆ ಅಕ್ಕಿಯು ಚೀಲದಲ್ಲಿಯೂ, ಜೋಳವು ಹಿಟ್ಟಿನ ರೂಪದಲ್ಲಿಯೂ, ಚಹಾ ಪೊಟ್ಟಣದಲ್ಲಿಯೂ ಪರಿಚಿತವಾಗಿವೆಯೇ ಹೊರತು ಗಿಡದಲ್ಲಿ ಪರಿಚಿತವಾಗಿಲ್ಲ. ಈ ಅಪರಿಚಯವನ್ನು ಕಳೆಯಲೆಂದೋ, ಕೇವಲ ಮನೋರಂಜನೆಗೆಂದೋ, ಈಚಿನ ವರ್ಷಗಳಲ್ಲಿ ಒಂದು ಹೊಸ ಪದ್ಧತಿಯು ದೇಶವಿದೇಶಗಳಲ್ಲಿ ಬೆಳೆದು ಬರುತ್ತಿದೆ. ಹಣವನ್ನು ಕೊಟ್ಟು, ಒಂದು ದಿನದ ಮಟ್ಟಿಗೆ ಇನ್ನೊಬ್ಬರ ಹೊಲಕ್ಕೋ ತೋಟಕ್ಕೋ ಅತಿಥಿಯಾಗಿ ಹೋಗುವುದು. ಅಲ್ಲಿ ಕೈಯಾರೆ ಸ್ವಲ್ಪ ಕೊಯ್ಯುವುದು. ಕೊಯ್ದುದರ ಸವಿಯನ್ನು ನೋಡುವುದು. ಮಧ್ಯಾಹ್ನದ ಊಟವನ್ನು ಅಲ್ಲಿಯೇ ಮುಗಿಸಿ ಹಿಂತಿರುಗುವುದು—ಇಷ್ಟೇ ಆ ಪದ್ಧತಿಯ ಸ್ವರೂಪ. ಇದು ಅತಿಥಿಸತ್ಕಾರವೋ, ವ್ಯಾಪಾರವೋ, ವಿನೋದವೋ? ಇದರಲ್ಲಿ ಕರೆದವನ ಧರ್ಮವೇನು, ಹೋದವನ ಧರ್ಮವೇನು? ಕಾಯಕವನ್ನೂ ದಾಸೋಹವನ್ನೂ ಬಾಳಿನ ಎರಡು ಕಣ್ಣುಗಳೆಂದು ನಂಬಿರುವ ಸದ್ಭಕ್ತರು ಈ ಪ್ರಶ್ನೆಯನ್ನು ಲಘುವಾಗಿ ಭಾವಿಸಿ ಬಿಡುವಂತಿಲ್ಲ.

ಜಪಾನ್ ದೇಶದ ಚಹಾ ತೋಟಗಳಲ್ಲಿ ಈ ಪದ್ಧತಿಯು ಬಹಳ ಅಚ್ಚುಕಟ್ಟಾಗಿ ನಡೆಯುತ್ತಿದೆ. 1191ರಲ್ಲಿ ಚೀನ ದೇಶದಿಂದ ಹಿಂತಿರುಗಿದ ಏಸೈ ಎಂಬ ಬೌದ್ಧ ಭಿಕ್ಷುವು ಚಹಾದ ಬೀಜಗಳನ್ನು ತಂದು, ಅದರ ಸೇವನೆಯನ್ನು ಆ ದೇಶದಲ್ಲಿ ನೆಲೆಗೊಳಿಸಿದನೆಂದು ಪ್ರಸಿದ್ಧಿಯಿದೆ. ಕ್ಯೋಟೋ ನಗರದ ದಕ್ಷಿಣಕ್ಕಿರುವ ಊಜಿ, ಅದರ ಆಚೆಯ ವಾಜುಕಾದ ಗುಡ್ಡಗಳು, ಫ್ಯೂಜಿ ಪರ್ವತದ ಕಡೆಯ ಶಿಜುವೋಕಾ ಸೀಮೆ—ಇವು ಅಲ್ಲಿಯ ಹೆಸರಾಂತ ಚಹಾ ನೆಲಗಳು. ಅವರ ಪಂಚಾಂಗದ ಪ್ರಕಾರ ವಸಂತವು ಮೊದಲಾದ ದಿನದಿಂದ ಎಣಿಸಿದರೆ 88ನೆಯ ದಿನವು, ಎಂದರೆ ಮೇ ತಿಂಗಳ 2ನೆಯ ತಾರೀಖಿನ ಸುಮಾರು, ಹೊಸ ಚಿಗುರಿನ ಕೊಯ್ಲಿಗೆ ಮಂಗಳಕರವಾದುದು. ಆ ಕಾಲದಲ್ಲಿ ಬಂದ ಅತಿಥಿಗೆ ಒಂದು ಬುಟ್ಟಿಯನ್ನು ಕೊಟ್ಟು, ಕುಡಿಯೊಂದನ್ನೂ ಅದರ ಕೆಳಗಿನ ಎರಡು ಎಲೆಗಳನ್ನೂ ಉಗುರು ತಾಗಿಸದೆ ಬೆರಳಿನಿಂದ ಮುರಿಯುವ ಕ್ರಮವನ್ನು ಕಲಿಸುತ್ತಾರೆ. ಕಿತ್ತ ಎಲೆಯು ಬಾಡಿ ಕೆಂಪಾಗುವುದಕ್ಕೆ ಮುಂಚೆಯೇ ಅದನ್ನು ಹಬೆಯಲ್ಲಿ ಬೇಯಿಸಿ, ಹೊಸೆದು, ಒಣಗಿಸುತ್ತಾರೆ. ಅದರಿಂದಲೇ ಅವರ ಚಹಾ ಹಸುರಾಗಿ ಉಳಿಯುವುದು.

ಅನಂತರ ರುಚಿ ನೋಡುವ ಕಾರ್ಯವು ನಡೆಯುತ್ತದೆ. ಒಂದೇ ಹಿಡಿ ಎಲೆಗೆ ಮೊದಲು ಉಗುರುಬೆಚ್ಚಗಿನ ನೀರನ್ನೂ, ಎರಡನೆಯ ಸಲ ಅದಕ್ಕಿಂತ ಬಿಸಿಯಾದುದನ್ನೂ, ಮೂರನೆಯ ಸಲ ಇನ್ನೂ ಬಿಸಿಯಾದುದನ್ನೂ ಹೊಯ್ಯುವರು. ಮೊದಲ ಬಟ್ಟಲಿನಲ್ಲಿ ಸವಿಯು ಮುಂದಾಗಿಯೂ, ಕೊನೆಯ ಬಟ್ಟಲಿನಲ್ಲಿ ಒಗರು ಮುಂದಾಗಿಯೂ ತೋರುತ್ತದೆ. ಅತ್ಯುತ್ತಮವೆನಿಸಿದ ಕೆಲವು ಬಗೆಯ ಚಹಾಕ್ಕಾಗಿ ಕೊಯ್ಲಿಗೆ ಮುಂಚೆ ಸುಮಾರು 20 ದಿವಸಗಳ ಕಾಲ ಗಿಡಗಳಿಗೆ ಚಪ್ಪರದ ನೆರಳನ್ನು ಹಾಕುವುದುಂಟು; ಬಿಸಿಲು ತಗ್ಗಿದಷ್ಟೂ ಎಲೆಯಲ್ಲಿ ಒಗರು ಕಡಿಮೆಯಾಗಿ ಸವಿಯು ನಿಲ್ಲುವುದು. ನೀರಿಗೆ ಸಾರವನ್ನು ಬಿಟ್ಟುಕೊಟ್ಟ ಮೆತ್ತನೆಯ ಎಲೆಯನ್ನೂ ಚೆಲ್ಲದೆ, ತುಸು ಉಪ್ಪಿನೊಡನೆ ತಿನ್ನಲು ಕೊಡುವರು. ಊಟದ ಹೊತ್ತಿಗೆ, ನಮ್ಮಲ್ಲಿ ಬಜ್ಜಿ ಮಾಡುವಂತೆ, ಹಿಟ್ಟಿನಲ್ಲಿ ಅದ್ದಿ ಕರಿದ ಹಸಿ ಚಹಾ ಚಿಗುರನ್ನೂ, ಚಹಾ ಹೊಯ್ದ ಅನ್ನವನ್ನೂ ಬಡಿಸುವುದುಂಟು. ಹೀಗೆ ಒಂದು ಎಲೆಯು ಗಿಡದಿಂದ ಗಂಟಲಿನವರೆಗೆ ನಡೆಯುವ ದಾರಿಯನ್ನೆಲ್ಲ ಅತಿಥಿಯು ಒಂದು ದಿನದಲ್ಲಿ ನೋಡಿ ಬರುತ್ತಾನೆ.

ಈ ಕಥನವನ್ನು ಕೇಳಿ ಇದು ದೂರದ ದೇಶದ ಸೊಗಸೆಂದು ಭಾವಿಸಬೇಕಾದುದಿಲ್ಲ. ಕನ್ನಡ ನಾಡಿನಲ್ಲಿ ಇದಕ್ಕೆ ಸಮನಾದ ಪದ್ಧತಿಯು ಹಿಂದಿನಿಂದಲೂ ಇರುವುದು. ಧಾರವಾಡ, ವಿಜಯಪುರ, ಬಾಗಲಕೋಟೆ, ಕಲಬುರಗಿ ಸೀಮೆಗಳಲ್ಲಿ ಹಿಂಗಾರಿನ ಬಿಳಿಜೋಳವು ಹಾಲುಗಾಳು ತುಂಬಿ ಇನ್ನೂ ಗಟ್ಟಿಯಾಗದೆ ಇರುವ ಚಳಿಗಾಲದಲ್ಲಿ ಸೀತನಿಗೆ ಕರೆಯುವ ವಾಡಿಕೆಯಿದೆ. ಹೊಲದ ಬದುವಿನಲ್ಲಿ ಕುಳ್ಳಿನ ಕೆಂಡವನ್ನು ಮಾಡಿ, ಆಗತಾನೆ ಕೊಯ್ದ ತೆನೆಗಳನ್ನು ಸುಟ್ಟು, ಬಿಸಿಯಿರುವಾಗಲೇ ಉಜ್ಜಿ ಕಾಳನ್ನು ಬಿಡಿಸಿ, ಶೇಂಗಾ ಚಟ್ನಿಪುಡಿ, ಬೆಲ್ಲ, ಕೊಬ್ಬರಿ, ಮೊಸರುಗಳೊಡನೆ ಬಂದವರಿಗೆ ಕೊಡುವರು. ಎಳ್ಳಮಾವಾಸ್ಯೆಯಂದು ಬುತ್ತಿಯನ್ನು ಕಟ್ಟಿಕೊಂಡು, ಮನೆಮಂದಿಯೆಲ್ಲ ಹೊಲಕ್ಕೆ ಹೋಗಿ, ಭೂಮಿಗೆ ಚರಗವನ್ನು ಚೆಲ್ಲಿದ ಮೇಲೆ ಅಲ್ಲಿಯೇ ಪಂಕ್ತಿ ಕುಳಿತು ಉಣ್ಣುವರು. ಚನ್ನಗಿರಿ, ಹೊನ್ನಾಳಿ, ನ್ಯಾಮತಿಗಳ ಕಡೆ ಗದ್ದೆ ತೋಟಗಳಲ್ಲಿ ಭೂಮಿಹುಣ್ಣಿಮೆಯ ದಿನ ಪೈರನ್ನು ಬಸುರಿಯೆಂದು ಭಾವಿಸಿ, ಬಯಕೆಯ ಅಡಿಗೆಯನ್ನು ಒಯ್ದು ಎಡೆಯಿಟ್ಟು ಉಣ್ಣುವುದುಂಟು. ಕೊಯ್ಲು, ಸವಿ, ಊಟ ಎಂಬ ಮೂರು ಅಂಗಗಳು ಈ ಎಲ್ಲ ಆಚರಣೆಗಳಲ್ಲಿಯೂ ಒಂದಲ್ಲ ಒಂದು ಬಗೆಯಲ್ಲಿ ಸೇರಿರುವುವು. ಹಳೆಯದಕ್ಕೂ ಹೊಸದಕ್ಕೂ ಭೇದವೇನೆಂದರೆ, ಹಳೆಯದರಲ್ಲಿ ಕರೆಯು ಇತ್ತು, ದರವು ಇರಲಿಲ್ಲ. ಹೊಸದರಲ್ಲಿ ದರವೇ ಕರೆಯಾಗಿದೆ.

ಈ ಭೇದವು ನಮ್ಮ ನೆರೆಯಲ್ಲಿಯೇ ಈಗಾಗಲೇ ಕಾಣಿಸಿಕೊಂಡಿದೆ. ಮಹಾರಾಷ್ಟ್ರದಲ್ಲಿ ಇದೇ ಸೀತನಿಯನ್ನು ಹುರಡಾ ಎಂದು ಕರೆಯುವರು. ಅಲ್ಲಿ ಪಟ್ಟಣಿಗರು ತಲೆಗೆ ಇಷ್ಟೆಂದು ಹಣ ಕೊಟ್ಟು ಹುರಡಾ ತಿನ್ನಲು ಹೊಲಗಳಿಗೆ ಹೋಗುವುದು ರೂಢಿಯಾಗಿದೆ. ಆ ರಾಜ್ಯದ ಸರ್ಕಾರವು 2020ರಲ್ಲಿ ಕೃಷಿ ಪ್ರವಾಸೋದ್ಯಮಕ್ಕೆಂದೇ ಪ್ರತ್ಯೇಕವಾದ ನೀತಿಯನ್ನು ಅಂಗೀಕರಿಸಿತು. ಕೊಡಗು, ಚಿಕ್ಕಮಗಳೂರುಗಳ ಕಾಫಿ ತೋಟಗಳಲ್ಲಿ ಹಣ ಕೊಟ್ಟು ತಂಗಿ, ಹಣ್ಣು ಬಿಡಿಸುವುದನ್ನು ನೋಡಿ ಬರುವವರು ಅನೇಕರು. ಇಂತಹ ವ್ಯವಹಾರವು ಜಗಳೂರಿನ ಹೊಲಗಳ ಬದುವಿಗೂ ಬಂದು ನಿಲ್ಲಬಹುದು. ಆಗ ಜಗಳೂರು ಸೀಮೆಯ ಗೃಹಸ್ಥನು ಏನು ಮಾಡತಕ್ಕದ್ದು? ಈ ಪ್ರಶ್ನೆಯು ಕೇವಲ ತರ್ಕದ ಪ್ರಶ್ನೆಯಲ್ಲ.

ಏಕೆಂದರೆ ಜಗಳೂರು ಮಳೆಯನ್ನು ನಂಬಿ ಬದುಕುವ ನೆಲ. ದಾವಣಗೆರೆ ಜಿಲ್ಲೆಯು 1997ರಲ್ಲಿ ರಚಿತವಾದಾಗ ಚಿತ್ರದುರ್ಗ ಜಿಲ್ಲೆಯಿಂದ ಬೇರ್ಪಟ್ಟು ಅದಕ್ಕೆ ಸೇರಿದ ಈ ತಾಲ್ಲೂಕಿನಲ್ಲಿ, ಭದ್ರೆಯ ನಾಲೆಯಿಂದ ಹಸುರಾದ ನೆರೆಹೊರೆಯ ತಾಲ್ಲೂಕುಗಳ ಭಾಗ್ಯವು ಕಾಣುವುದಿಲ್ಲ. ಮೆಕ್ಕೆಜೋಳ, ಶೇಂಗಾ, ಈರುಳ್ಳಿ, ಹತ್ತಿ, ರಾಗಿ, ಜೋಳಗಳೇ ಇಲ್ಲಿಯ ಪೈರುಗಳು. ಮಳೆಯು ಕೈಕೊಟ್ಟರೆ ಕೊಯ್ಲೇ ಇಲ್ಲ. ಮಳೆಯು ಕೈಹಿಡಿದ ವರ್ಷ ಈರುಳ್ಳಿಯ ಬೆಲೆಯು ಬಿದ್ದು, ಕಿತ್ತುದಕ್ಕೆ ಕೂಲಿಯೂ ಹುಟ್ಟದೆ, ಬೆಳೆಯನ್ನು ಹೊಲದಲ್ಲಿಯೇ ಬಿಟ್ಟು ಕುರಿಗಳನ್ನು ನುಗ್ಗಿಸಿದ ರೈತರೂ ಈ ಸೀಮೆಯಲ್ಲಿ ಉಂಟು. 2018ರಲ್ಲಿ ಶಿವಮೊಗ್ಗದ ಕಡೆ ಮೊದಲು ಕಂಡುಬಂದ ಫಾಲ್ ಸೈನಿಕ ಹುಳುವು ಮೆಕ್ಕೆಜೋಳದ ಸುಳಿಯನ್ನು ತಿನ್ನುತ್ತ ಈ ಕಡೆಗೂ ಹಬ್ಬಿತು. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳ ಪೈಕಿ 223 ಬರಪೀಡಿತವೆಂದು ಘೋಷಿತವಾದಾಗ ಜಗಳೂರು ಅವುಗಳಲ್ಲಿ ಒಂದಾಗಿತ್ತು. ತುಂಗಭದ್ರೆಯ ನೀರನ್ನು 57 ಕೆರೆಗಳಿಗೆ ಏರಿಸಿ ತುಂಬಿಸುವ ಯೋಜನೆಯಿಂದ ಕೆರೆಗಳಿಗೆ ನೀರಿನ ಆಸೆ ಹುಟ್ಟಿದೆ ನಿಜ. ಆದರೂ ಮುಗಿಲನ್ನು ನೋಡುವ ಅಭ್ಯಾಸವು ಈ ಸೀಮೆಯ ಒಕ್ಕಲುಮಗನನ್ನು ಬಿಟ್ಟಿಲ್ಲ. ಇಂತಹವನ ಬಳಿಗೆ ಪಟ್ಟಣದವರು ಬಂದು, ‘ನಿನ್ನ ಹೊಲದಲ್ಲಿ ಒಂದು ಹೊತ್ತು ತೆನೆ ಮುರಿದು, ನಿನ್ನ ಮನೆಯ ರೊಟ್ಟಿಯನ್ನು ತಿಂದು ಹೋಗುವೆವು, ಹಣ ಕೊಡುವೆವು’ ಎಂದರೆ, ಅವನು ಒಪ್ಪಬೇಕೋ ಬಾರದೋ?

ಒಪ್ಪಬಾರದೆಂಬ ಪಕ್ಷಕ್ಕೆ ಬಲವಾದ ಆಧಾರವಿದೆ. ಅನ್ನವಿಕ್ರಯವನ್ನು ಪ್ರಾಚೀನ ಧರ್ಮಶಾಸ್ತ್ರಕಾರರು ನಿಂದಿಸಿರುವರು. ಹಸಿದು ಬಂದವನಿಗೆ ಇಕ್ಕುವುದು ಗೃಹಸ್ಥನ ಸಹಜಧರ್ಮವಾಗಿರುವಾಗ, ಅದಕ್ಕೆ ಬೆಲೆಯನ್ನು ಕಟ್ಟುವುದು ಧರ್ಮವನ್ನೇ ತಕ್ಕಡಿಯಲ್ಲಿಟ್ಟಂತಾಗುವುದೆಂದು ಅವರ ಅಭಿಪ್ರಾಯ. ಶರಣರ ಮಾರ್ಗದಲ್ಲಿಯಂತೂ ದಾಸೋಹವೆಂಬುದು ‘ನಾನು ಕೊಟ್ಟೆ’ ಎಂಬ ಭಾವವನ್ನೂ ಕಳೆದುಕೊಂಡ ಸಮರ್ಪಣೆ. ಕೊಟ್ಟೆನೆಂಬ ಎಣಿಕೆಯೇ ಸಲ್ಲದ ಕಡೆ ಇಷ್ಟಕ್ಕೆ ಕೊಟ್ಟೆನೆಂಬ ಎಣಿಕೆಯು ಹೇಗೆ ಸಲ್ಲುವುದು? ಈ ವಾದವನ್ನು ಕೇಳಿದವರಿಗೆ ಮೊದಲ ನೋಟಕ್ಕೆ ಉತ್ತರವಿಲ್ಲವೆಂದೇ ತೋರುವುದು.

ಆದರೆ ಸೂಕ್ಷ್ಮವಾಗಿ ವಿಚಾರಿಸಿದರೆ ಈ ವಾದದಲ್ಲಿ ಎರಡು ಬೇರೆ ಬೇರೆ ಸಂಗತಿಗಳು ಕಲೆತಿರುವುದು ಕಾಣುತ್ತದೆ. ಹಸಿದವನಿಗೆ ಇಕ್ಕುವುದು ಒಂದು. ಹಸಿಯದೆ, ಹೊಟ್ಟೆಯೂ ಕೈಯೂ ತುಂಬಿದ್ದು, ಹೊಲದ ಸುಖವನ್ನು ಬಯಸಿ ಬಂದವನನ್ನು ದಿನವಿಡೀ ನಡೆಸಿಕೊಳ್ಳುವುದು ಮತ್ತೊಂದು. ಮೊದಲನೆಯದು ದಾಸೋಹದ ಕ್ಷೇತ್ರ. ಅಲ್ಲಿ ಬೆಲೆಗೆ ಪ್ರವೇಶವಿಲ್ಲ. ಎರಡನೆಯದು ಕಾಯಕದ ಕ್ಷೇತ್ರ. ಅತಿಥಿಗೆ ದಾರಿ ತೋರಿಸುವುದು, ಕೊಯ್ಯುವ ಕ್ರಮವನ್ನು ಕಲಿಸುವುದು, ಅವನು ತುಳಿದ ಸಾಲನ್ನು ಸರಿಪಡಿಸುವುದು, ಮನೆಯ ಹೆಣ್ಣುಮಕ್ಕಳು ನಸುಕಿನಲ್ಲಿ ಎದ್ದು ರೊಟ್ಟಿ ಬಡಿಯುವುದು—ಇವೆಲ್ಲವೂ ಶ್ರಮಗಳೇ. ಶ್ರಮಕ್ಕೆ ಪ್ರತಿಫಲವನ್ನು ಪಡೆಯುವುದನ್ನು ಶರಣರು ಎಂದೂ ಹಳಿದವರಲ್ಲ. ಕಾಯಕವಿಲ್ಲದೆ ಉಣ್ಣುವುದನ್ನು ಹಳಿದರು. ಒಕ್ಕಲಿಗ ಮುದ್ದಣ್ಣನು ಬೇಸಾಯವನ್ನೇ ಕಾಯಕವಾಗಿ ಉಳ್ಳವನು. ನೆಲವನ್ನು ಅಗೆದು ಬೆಳೆದುದರಲ್ಲಿ ಅರಸನಿಗೆ ಸಲ್ಲಬೇಕಾದುದನ್ನು ಸಲ್ಲಿಸಿ, ಉಳಿದುದನ್ನು ಜಂಗಮದಾಸೋಹಕ್ಕೆ ಸವೆಸಿದನೆಂದು ಅವನ ಚರಿತ್ರೆ. ಬೆಳೆದುದನ್ನು ಮಾರಿದರೆ ತಪ್ಪಿಲ್ಲವೆಂದಾದರೆ, ಬೆಳೆಯುವ ವಿದ್ಯೆಯನ್ನು ತೋರಿಸಿ ಪ್ರತಿಫಲ ಪಡೆದರೆ ತಪ್ಪೆಂದು ಹೇಳುವುದು ನ್ಯಾಯವಲ್ಲ. ಈರುಳ್ಳಿಗೆ ಬೆಲೆಯಿಲ್ಲದ ವರ್ಷ ಹೊಲದ ನೋಟಕ್ಕಾದರೂ ಬೆಲೆ ಬಂದರೆ, ಅದನ್ನು ಬೇಡವೆನ್ನಲು ಸಾಲಗಾರನಾದ ರೈತನಿಗೆ ಉಪದೇಶಿಸುವವನು ಮೊದಲು ಆ ಸಾಲದಲ್ಲಿ ಪಾಲುದಾರನಾಗಬೇಕು.

ಇನ್ನೊಂದು ಸಂಗತಿಯನ್ನೂ ಮರೆಮಾಚಬಾರದು. ದರವಿಲ್ಲದ ಹಳೆಯ ಕರೆಯು ಎಲ್ಲರಿಗೂ ಇತ್ತೇ? ಸೀತನಿಗೆ ಕರೆಸಿಕೊಂಡವರು ಬಹುಮಟ್ಟಿಗೆ ಬೀಗರು, ಬಂಧುಗಳು, ಗೆಳೆಯರು, ಊರಿನ ಅಧಿಕಾರಿಗಳು. ಸುಗ್ಗಿಯ ಕಣದಲ್ಲಿ ಬಡಗಿ, ಕಮ್ಮಾರ, ಕುಂಬಾರ, ಅಗಸ, ತಳವಾರರಿಗೆ ಆಯವನ್ನು ಅಳೆದು ಕೊಡುತ್ತಿದ್ದುದು ಸತ್ಯ. ಆದರೆ ಅವರೆಲ್ಲರಿಗೂ ಒಂದೇ ಪಂಕ್ತಿಯಲ್ಲಿ ಎಲೆ ಹಾಕುತ್ತಿದ್ದರೆಂದು ಹೇಳಲಾಗದು. ಬಿತ್ತಿ, ಕಳೆ ತೆಗೆದು, ಕೊಯ್ದ ಕೂಲಿಯವರು ಎಷ್ಟೋ ಕಡೆ ಬದುವಿನ ಆಚೆ ಕುಳಿತು ಉಂಡರು. ಮುಟ್ಟಬಾರದವರೆಂದು ದೂರ ನಿಲ್ಲಿಸಿದ ಜನರ ಕೈಯಿಂದಲೇ ತೆನೆಯು ಬಂದಿದ್ದರೂ ತೆನೆಯ ಊಟಕ್ಕೆ ಅವರಿಗೆ ಕರೆಯಿರಲಿಲ್ಲ. ಅಪರಿಚಿತನಾದ ಪರವೂರಿನವನಿಗೂ ಅಷ್ಟೇ. ಹೀಗಿರುವಾಗ ಹಳೆಯದರಲ್ಲಿ ಬೆಲೆಯೇ ಇರಲಿಲ್ಲವೆಂಬುದು ಪೂರ್ಣಸತ್ಯವಲ್ಲ. ಅಲ್ಲಿ ಕುಲವೂ ನೆಂಟಸ್ತಿಕೆಯೂ ಬೆಲೆಯ ಸ್ಥಾನದಲ್ಲಿದ್ದುವು. ಇಂದು ಹಣವು ಆ ಬೇಲಿಯನ್ನು ಒಂದು ಕಡೆ ಮುರಿದಿದೆ. ಹಣವಿಲ್ಲದವನಿಗೆ ಇನ್ನೊಂದು ಕಡೆ ಬೇಲಿಯನ್ನು ಕಟ್ಟಿದೆ. ಆದುದರಿಂದ ಹಳೆಯದೆಂಬ ಮಾತ್ರಕ್ಕೆ ಹೊಗಳುವುದೂ, ಹೊಸದೆಂಬ ಮಾತ್ರಕ್ಕೆ ಹಳಿಯುವುದೂ ಶರಣಮಾರ್ಗವಲ್ಲ. ಯಾವ ಪದ್ಧತಿಯಲ್ಲಿ ಮನುಷ್ಯನಿಗೆ ಮನುಷ್ಯನು ಹತ್ತಿರವಾಗುವನೆಂಬುದೇ ಪರೀಕ್ಷೆ.

ಇಲ್ಲಿಗೆ ಕರೆದವನ ಪ್ರಶ್ನೆಯು ಒಂದು ಬಗೆಯಾಗಿ ತೀರಿತು. ಅದಕ್ಕಿಂತ ಕಠಿಣವಾದುದು ಹೋದವನ ಪ್ರಶ್ನೆ. ಹಣ ಕೊಟ್ಟ ಮಾತ್ರದಿಂದ ಅತಿಥಿಯ ಋಣವು ತೀರಿತೇ?

ಅತಿಥಿಯು ಹೊಲದಲ್ಲಿ ಮಾಡುವ ಕೆಲಸವು ವಸ್ತುತಃ ಆಟ. ದಣಿದಾಗ ಅವನು ನಿಲ್ಲಿಸಬಹುದು, ಕೂಲಿಯವಳು ನಿಲ್ಲಿಸಲಾರಳು. ಬಿಸಿಲು ಏರಿದರೆ ಅವನು ನೆರಳಿಗೆ ಸರಿಯಬಹುದು. ಹತ್ತಿ ಬಿಡಿಸುವವಳ ಬೆರಳುಗಳು ಕಾಯಿಯ ಮೊನೆಗೆ ತರಚಿದರೂ ಮಡಿಲು ತುಂಬುವವರೆಗೆ ಅವಳು ಸಾಲನ್ನು ಬಿಡುವಂತಿಲ್ಲ. ಈರುಳ್ಳಿಯ ಗಡ್ಡೆಯಿಂದ ಸೊಪ್ಪನ್ನೂ ಬೇರನ್ನೂ ಕೊಯ್ಯುತ್ತ ಮುಂಜಾನೆಯಿಂದ ಸಂಜೆಯವರೆಗೆ ಕುಕ್ಕರುಗಾಲಿನಲ್ಲಿ ಕುಳಿತ ಹೆಣ್ಣುಮಗಳಿಗೆ ಬೆನ್ನುನೋವು ಒಂದು ‘ಅನುಭವ’ವಲ್ಲ, ಅದು ಅವಳ ದಿನಚರಿ. ಮತ್ತೊಂದು ವಿಚಿತ್ರವನ್ನೂ ಗಮನಿಸಬೇಕು. ಜಪಾನಿನಲ್ಲಿ ಇಂದು ಚಹಾ ಎಲೆಯ ಬಹುಭಾಗವನ್ನು ಯಂತ್ರಗಳೇ ಕತ್ತರಿಸುತ್ತವೆ. ಕೈಯಿಂದ ಬಿಡಿಸುವುದು ಅತಿ ಉತ್ತಮ ದರ್ಜೆಯ ಎಲೆಗೆ ಮಾತ್ರ ಉಳಿದಿದೆ. ಎಂದರೆ ಅತಿಥಿಯು ಬುಟ್ಟಿ ಹಿಡಿದು ಮಾಡುವ ಕೆಲಸವನ್ನು ಅಲ್ಲಿಯ ಅನೇಕ ಬೇಸಾಯಗಾರರು ದಿನನಿತ್ಯ ಮಾಡುವುದೇ ಇಲ್ಲ. ನಮ್ಮಲ್ಲಿಯೂ ಟ್ರ್ಯಾಕ್ಟರಿನಿಂದ ಉಳುವ ರೈತನು ಅತಿಥಿಗಳಿಗಾಗಿ ಎತ್ತಿನ ಗಾಡಿಯನ್ನು ಸಿಂಗರಿಸಿ ನಿಲ್ಲಿಸುವುದುಂಟು. ಹೀಗೆ ಆದಾಗ ಹೊಲವು ನಾಟಕದ ರಂಗವಾಗಿ, ರೈತನು ತನ್ನ ತಂದೆಯ ವೇಷವನ್ನು ತಾನು ಧರಿಸಿ ನಿಂತಂತಾಗುವುದು. ಇದು ಶ್ರಮಕ್ಕೆ ಮಾಡಿದ ಗೌರವವೋ, ಅಣಕವೋ?

ಅನುಕರಣವು ಎರಡು ವಿಧವಾಗಿರುವುದು. ಮಗುವು ತಾಯಿಯನ್ನು ನೋಡಿ ಪುಟ್ಟ ರೊಟ್ಟಿಯನ್ನು ತಟ್ಟುವುದು, ಅದೂ ಅನುಕರಣವೇ. ವಿದೂಷಕನು ಕುಂಟನನ್ನು ನೋಡಿ ಕುಂಟುವುದು, ಅದೂ ಅನುಕರಣವೇ. ಮೊದಲನೆಯದರಲ್ಲಿ ಮಾಡುವವನು ತಾನು ಚಿಕ್ಕವನೆಂದು ಬಲ್ಲನು, ಆದುದರಿಂದ ಕಲಿಯುವನು. ಎರಡನೆಯದರಲ್ಲಿ ತಾನು ದೊಡ್ಡವನೆಂದು ನಂಬಿರುವನು, ಆದುದರಿಂದ ನಗುವನು. ಹೊಲದ ಅತಿಥಿಯು ಇವರಿಬ್ಬರಲ್ಲಿ ಯಾರಂತೆ ಇರುವನೆಂಬುದರ ಮೇಲೆ ಅವನ ಆಟದ ಧರ್ಮಾಧರ್ಮವು ನಿಂತಿದೆ. ಚಹಾ ತೋಟದಲ್ಲಿ ಒಂದು ಗಂಟೆ ಬಗ್ಗಿ ಬಿಡಿಸಿದ ಹೊಸಬನ ಬುಟ್ಟಿಯು ತಳ ಮುಚ್ಚಿದರೆ ಹೆಚ್ಚು. ಒಂದು ಕಿಲೋ ಒಣ ಚಹಾಕ್ಕೆ ಸುಮಾರು ನಾಲ್ಕೈದು ಕಿಲೋ ಹಸಿ ಎಲೆ ಬೇಕು. ತನ್ನ ಬುಟ್ಟಿಯನ್ನು ನೋಡಿ, ಮನೆಯಲ್ಲಿ ತಾನು ಅರ್ಧ ಕುಡಿದು ಚೆಲ್ಲುವ ಬಟ್ಟಲನ್ನು ನೆನೆದು, ಅಳತೆಯು ತಿಳಿದರೆ ಆ ಒಂದು ಗಂಟೆಯು ವ್ಯರ್ಥವಾಗಲಿಲ್ಲ. ಅಳತೆಯು ತಿಳಿಯದೆ ಭಾವಚಿತ್ರ ಮಾತ್ರ ತೆಗೆದುಕೊಂಡು ಬಂದರೆ, ಅವನು ಹೊಲಕ್ಕೆ ಹೋದುದೂ ಒಂದೇ, ಹೋಗದಿದ್ದುದೂ ಒಂದೇ.

ಅಳತೆಯ ಈ ಅರಿವನ್ನು ಕುರಿತು ಆಯ್ದಕ್ಕಿ ಮಾರಯ್ಯ ಲಕ್ಕಮ್ಮ ದಂಪತಿಗಳ ಚರಿತ್ರೆಯು ಸದ್ಭಕ್ತರಿಗೆಲ್ಲ ತಿಳಿದುದೇ. ಕಲ್ಯಾಣದ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುವುದು ಅವರ ಕಾಯಕ. ಒಂದು ದಿನ ಮಾರಯ್ಯನು ನಿತ್ಯಕ್ಕಿಂತ ಹೆಚ್ಚಾಗಿ ತಂದಾಗ, ಲಕ್ಕಮ್ಮನು ಆ ಹೆಚ್ಚಿನ ಅಕ್ಕಿಯನ್ನು ಹಿಂದಕ್ಕೆ ಸುರಿದು ಬರುವಂತೆ ಕಳುಹಿಸಿದಳು. ಮಡಿಲಿಗೆ ಬಿದ್ದ ಅಕ್ಕಿಯ ತೂಕವು ಅವಳಿಗೆ ಕೈಯಲ್ಲಿಯೇ ತಿಳಿಯುತ್ತಿತ್ತು; ಏಕೆಂದರೆ ಅದು ಕಾಳುಕಾಳಾಗಿ ಆಯ್ದುದು. ಕೈಯಿಂದ ಆಯ್ದವನಿಗೆ ಬಂದ ಅರಿವು ಅಂಗಡಿಯಿಂದ ಕೊಂಡವನಿಗೆ ಸುಲಭವಾಗಿ ಬಾರದು. ಹೊಲಕ್ಕೆ ಹೋದ ಅತಿಥಿಯು ಹಣದಿಂದ ಕೊಳ್ಳಲಾಗದೆ ಇರುವ ಒಂದು ವಸ್ತುವನ್ನು ಅಲ್ಲಿಂದ ತರಬಹುದಾದರೆ, ಅದು ಈ ತೂಕದ ಅರಿವೇ.

ಇನ್ನು ಸವಿಯ ವಿಷಯ. ಹೊಲದಲ್ಲಿ ತಿಂದ ತೆನೆಯೂ ತೋಟದಲ್ಲಿ ಕುಡಿದ ಚಹಾವೂ ಮನೆಯಲ್ಲಿ ತಿಂದು ಕುಡಿದವುಗಳಿಗಿಂತ ಹೆಚ್ಚು ಸವಿಯಾಗಿ ತೋರುವುದೇಕೆ? ಹೊಸತನವು ಒಂದು ಕಾರಣ. ಹಸಿವು ಒಂದು ಕಾರಣ. ಅವೆರಡಕ್ಕಿಂತ ಮುಖ್ಯವಾದುದು, ಅಲ್ಲಿ ಮನಸ್ಸು ಬಾಯಿಯ ಜೊತೆಗೆ ಇರುವುದು. ಮನೆಯಲ್ಲಿ ಉಣ್ಣುವಾಗ ಮನಸ್ಸು ಕಚೇರಿಯಲ್ಲಿಯೋ, ಸಂತೆಯಲ್ಲಿಯೋ, ಕೈಯಲ್ಲಿ ಹಿಡಿದ ಮೊಬೈಲಿನಲ್ಲಿಯೋ ಇರುತ್ತದೆ. ವೀರಶೈವ ಸಿದ್ಧಾಂತವು ಅರ್ಪಿತದ ವಿಚಾರದಲ್ಲಿ ಹೇಳುವ ಕ್ರಮವು ಇಲ್ಲಿ ಬೆಳಕನ್ನು ಬೀರುವುದು. ಪದಾರ್ಥದ ರೂಪವನ್ನು ಇಷ್ಟಲಿಂಗಕ್ಕೂ, ರುಚಿಯನ್ನು ಪ್ರಾಣಲಿಂಗಕ್ಕೂ, ತೃಪ್ತಿಯನ್ನು ಭಾವಲಿಂಗಕ್ಕೂ ಅರ್ಪಿಸಿದಾಗ ಅದು ಪ್ರಸಾದವಾಗುವುದೆಂದು ಹಿರಿಯರು ನಿರೂಪಿಸಿರುವರು. ಕಣ್ಣು ನೋಡುವುದನ್ನೂ, ನಾಲಗೆ ಸವಿಯುವುದನ್ನೂ, ಒಡಲು ತಣಿಯುವುದನ್ನೂ ಎಚ್ಚರವಿಲ್ಲದೆ ಜಾರಿಹೋಗಗೊಡದೆ, ಒಂದೊಂದನ್ನೂ ತನಗಿಂತ ಹಿರಿದಾದುದಕ್ಕೆ ಒಪ್ಪಿಸುವ ಅಭ್ಯಾಸವೇ ಅದು.

ಈ ಕ್ರಮವನ್ನು ಹೊಲದ ಅತಿಥಿಗೆ ಅನ್ವಯಿಸಿ ನೋಡಬಹುದು. ಕೊಯ್ಯುವಾಗ ಅವನಿಗೆ ದೊರೆಯುವುದು ರೂಪ. ಎಲೆ, ತೆನೆ, ಮಣ್ಣು, ಅವುಗಳ ಹಿಂದಿರುವ ಮನುಷ್ಯರ ಕೈಗಳು. ಬಟ್ಟಲನ್ನು ತುಟಿಗೆ ಹಚ್ಚಿದಾಗ ದೊರೆಯುವುದು ರುಚಿ. ಮೊದಲ ಬಟ್ಟಲಿನ ಸವಿಯೂ ಕೊನೆಯ ಬಟ್ಟಲಿನ ಒಗರೂ ಒಂದೇ ಎಲೆಯವು, ಒಂದನ್ನು ಕೊಂಡಾಡಿ ಇನ್ನೊಂದನ್ನು ಚೆಲ್ಲುವಂತಿಲ್ಲ. ಊಟದ ಕೊನೆಗೆ ದೊರೆಯುವುದು ತೃಪ್ತಿ. ರೂಪವನ್ನು ಕಣ್ತುಂಬ ನೋಡಿ, ರುಚಿಯನ್ನು ಎಚ್ಚರದಿಂದ ಸವಿದು, ತೃಪ್ತಿಯಲ್ಲಿ ‘ಇದು ನನ್ನ ಹಣದಿಂದ ಬಂದುದು’ ಎಂಬ ಭಾವವನ್ನು ಬಿಟ್ಟವನಿಗೆ ಹಣ ಕೊಟ್ಟು ತಿಂದ ಊಟವೂ ಪ್ರಸಾದವಾಗಬಲ್ಲುದು. ಹಾಗೆ ಬಿಡಲಾರದವನಿಗೆ ಮಠದ ಪಂಕ್ತಿಯಲ್ಲಿ ಬಿಟ್ಟಿಯಾಗಿ ಉಂಡುದೂ ಬರಿಯ ಪದಾರ್ಥವೇ. ಆದುದರಿಂದ ಹಣವು ಇತ್ತೋ ಇಲ್ಲವೋ ಎಂಬುದು ಪ್ರಸಾದತ್ವವನ್ನು ನಿರ್ಣಯಿಸುವುದಿಲ್ಲ. ಉಣ್ಣುವವನ ಭಾವವು ನಿರ್ಣಯಿಸುವುದು.

ಜಪಾನಿನ ಚಹಾ ಸಂಸ್ಕಾರದಲ್ಲಿಯೂ ಇಂತಹದೊಂದು ಸೂಚನೆಯಿದೆ. 1522ರಿಂದ 1591ರವರೆಗೆ ಬಾಳಿದ ಸೆನ್ ನೋ ರಿಕ್ಯೂ ಎಂಬ ಚಹಾಗುರುವಿನ ಸಂಪ್ರದಾಯದ ಚಹಾ ಕುಟೀರಕ್ಕೆ ಬಹಳ ತಗ್ಗಾದ ಬಾಗಿಲನ್ನು ಇಡುವರು. ಒಳಕ್ಕೆ ಬರುವ ಯೋಧನು ಕತ್ತಿಯನ್ನು ಹೊರಗೆ ಬಿಟ್ಟು, ತಲೆಯನ್ನು ಬಗ್ಗಿಸಿ, ಮಂಡಿಯೂರಿ ಬರಬೇಕು. ಒಳಗೆ ಬಂದ ಮೇಲೆ ಪ್ರಭುವೆಂದೂ ವರ್ತಕನೆಂದೂ ಭೇದವಿಲ್ಲ. ಹೊಲಕ್ಕೆ ಅಂತಹ ಬಾಗಿಲನ್ನು ಕಟ್ಟಲಾಗದು. ಆದರೆ ಅತಿಥಿಯು ತನ್ನ ದೊಡ್ಡಸ್ತಿಕೆಯನ್ನು ಬದುವಿನ ಆಚೆಯೇ ಬಿಟ್ಟು ಬಂದರೆ ಆ ಬಾಗಿಲಿನ ಕೆಲಸವು ನಡೆದಂತೆಯೇ.

ಇಷ್ಟನ್ನು ವಿಚಾರಿಸಿದ ಮೇಲೆ ಉಭಯರ ಕರ್ತವ್ಯವೂ ಸ್ಪಷ್ಟವಾಗುವುದು. ಕರೆದವನು ತನ್ನ ಕಾಯಕದ ಸತ್ಯವನ್ನು ಮರೆಮಾಡತಕ್ಕದ್ದಲ್ಲ. ಸಂತೆಯಿಂದ ತಂದ ತೆನೆಯನ್ನು ತನ್ನ ಹೊಲದ್ದೆಂದು ಸುಟ್ಟು ಕೊಡುವುದು, ಟ್ರ್ಯಾಕ್ಟರನ್ನು ಬಚ್ಚಿಟ್ಟು ಎತ್ತುಗಳನ್ನು ತೋರಿಸುವುದು ಕಾಯಕವಲ್ಲ, ಕಪಟ. ಹಸುರಾದ ಸಾಲನ್ನು ತೋರಿಸುವಂತೆಯೇ ಹುಳು ತಿಂದ ಸಾಲನ್ನೂ, ನೀರು ಕಾಣದ ಕೊಳವೆ ಬಾವಿಯನ್ನೂ ತೋರಿಸಲಿ. ಅತಿಥಿಯು ಕಲಿಯಬೇಕಾದುದು ಅಲ್ಲಿಯೇ ಹೆಚ್ಚಾಗಿರುವುದು. ಊಟದ ಪಂಕ್ತಿಯಲ್ಲಿ ಆ ಹೊಲಕ್ಕೆ ದುಡಿದ ಕೂಲಿಯವರು, ಯಾವ ಕುಲದವರೇ ಆಗಲಿ, ಅತಿಥಿಯ ಸಾಲಿನಲ್ಲಿಯೇ ಕುಳಿತಿರಲಿ. ಬಂದ ಹಣದಲ್ಲಿ ಅವರಿಗೂ, ರೊಟ್ಟಿ ಬಡಿದ ಕೈಗಳಿಗೂ ನ್ಯಾಯವಾದ ಪಾಲು ಸಲ್ಲಲಿ. ಹಣವಿಲ್ಲದೆ ಹಸಿದು ದಾರಿಯಲ್ಲಿ ಬಂದವನು ಬದುವಿನ ಮೇಲೆ ನಿಂತರೆ, ಅವನಿಗೆ ದರವನ್ನು ಹೇಳದೆ ಎಲೆ ಹಾಕಲಿ. ಕಾಯಕದ ಕ್ಷೇತ್ರದಲ್ಲಿ ದಾಸೋಹಕ್ಕೆ ಯಾವಾಗಲೂ ಒಂದು ಎಲೆಯ ಜಾಗವು ಉಳಿದಿರಬೇಕು.

ಹೋದವನು ಎಲೆಯಲ್ಲಿ ಬಿಡತಕ್ಕದ್ದಲ್ಲ. ತಾನು ಕಿತ್ತುದನ್ನು ತುಳಿಯತಕ್ಕದ್ದಲ್ಲ. ಹೊಲದವರನ್ನು ಹೆಸರು ಕೇಳಿ, ಹಿರಿಯರಿಗೆ ಅಣ್ಣ ಅಕ್ಕ ಅಜ್ಜ ಎಂದು ಮಾತನಾಡಿಸಲಿ. ಅವನ ಧರ್ಮದ ನಿಜವಾದ ಪರೀಕ್ಷೆಯು ಮನೆಗೆ ಮರಳಿದ ಮೇಲೆ ನಡೆಯುವುದು. ಮಾರನೆಯ ದಿನ ಬೀದಿಯಲ್ಲಿ ಈರುಳ್ಳಿಯನ್ನು ಹೊತ್ತು ಬಂದವಳೊಡನೆ ಅವನು ನಾಲ್ಕು ರೂಪಾಯಿಗೆ ಚೌಕಾಸಿ ಮಾಡಿದರೆ, ಹೊಲದಲ್ಲಿ ಅವನು ನೋಡಿದುದು ಏನೂ ಇಲ್ಲ. ತಟ್ಟೆಯಲ್ಲಿ ಅನ್ನವನ್ನು ಬಿಡುವ ಮಗನಿಗೆ, ಒಂದು ತೆನೆಯ ಕತೆಯನ್ನು ಅವನು ಹೇಳಬಲ್ಲವನಾದರೆ, ಕೊಟ್ಟ ಹಣಕ್ಕಿಂತ ಹೆಚ್ಚಿನದನ್ನು ತಂದನು.

ಕೊನೆಯದಾಗಿ ಜಗಳೂರು ಸೀಮೆಯ ಗೃಹಸ್ಥರು ಯೋಚಿಸಬೇಕಾದ ಒಂದು ಸಂಗತಿಯುಂಟು. ಹೊಲಕ್ಕೆ ಅತಿಥಿಗಳಾಗಿ ಬರುವವರು ದೂರದವರು ಮಾತ್ರವಲ್ಲ. ಈ ಊರುಗಳ ಮಕ್ಕಳೇ ಓದಿ, ದಾವಣಗೆರೆಗೋ ಬೆಂಗಳೂರಿಗೋ ಹೋಗಿ, ಹಬ್ಬಕ್ಕೊಮ್ಮೆ ಜಾತ್ರೆಗೊಮ್ಮೆ ಬರುತ್ತಿರುವರು. ಅವರಿಗೆ ತಂದೆಯ ಹೊಲದ ಸರ್ವೆ ನಂಬರು ಗೊತ್ತು, ಬದುವು ಗೊತ್ತಿಲ್ಲ. ಕಾರಿನಲ್ಲಿ ಬಂದು, ಒಂದು ಗಂಟೆ ನಿಂತು, ಚಿತ್ರ ತೆಗೆದು, ರೊಟ್ಟಿ ತಿಂದು ಹೋಗುವ ಆ ಮಕ್ಕಳು ತಮ್ಮ ಹೊಲಕ್ಕೆ ತಾವೇ ಅತಿಥಿಗಳಾಗಿದ್ದಾರೆ. ಹಣ ಕೊಟ್ಟು ಬರುವವನಿಗೆ ಕೊಯ್ಯುವ ಕ್ರಮವನ್ನಾದರೂ ಕಲಿಸುವರು, ಇವರಿಗೆ ಅದನ್ನೂ ಕಲಿಸುವವರಿಲ್ಲ. ಬಿಡುವಿಲ್ಲವೆಂದು ಮಗನು ಹೇಳುವನು. ಮಗನು ದಣಿಯಬಾರದೆಂದು ತಾಯಿಯು ಹೇಳುವಳು. ಜಪಾನಿನ ತೋಟಗಳಲ್ಲಿಯೂ ವಯಸ್ಸಾದ ಬೇಸಾಯಗಾರರ ಹಿಂದೆ ನಿಲ್ಲುವ ಕಿರಿಯರು ವಿರಳವಾಗುತ್ತಿರುವರು. ಪರರಿಗೆ ತೋಟವನ್ನು ತೆರೆದುದಕ್ಕೆ ಅದೂ ಒಂದು ಕಾರಣ. ಮುಂದಿನ ಸುಗ್ಗಿಯಲ್ಲಿ ಮನೆಗೆ ಬಂದ ಮಗನಿಗೂ ಸೊಸೆಗೂ ಮೊಮ್ಮಕ್ಕಳಿಗೂ ತಟ್ಟೆಯನ್ನು ಇಡುವುದಕ್ಕೆ ಮುಂಚೆ ಕುಡುಗೋಲನ್ನು ಕೈಗೆ ಕೊಟ್ಟು, ಒಂದು ಸಾಲನ್ನು ತೋರಿಸಿದರೆ ಹಿರಿಯರು ಅವರಿಗೆ ಅನ್ಯಾಯ ಮಾಡಿದಂತಾಗದು. ಆ ಸಾಲು ಮುಗಿದ ಮೇಲೆ ಕೂಲಿಯವರೊಡನೆ ಬದುವಿನ ಮೇಲೆ ಕುಳಿತು ಉಂಡ ರೊಟ್ಟಿಯ ರುಚಿಯೇನೆಂಬುದನ್ನು ಅವರಿಗೆ ಬೇರೆ ಯಾರೂ ವಿವರಿಸಬೇಕಾಗಿಲ್ಲ.